ಚಟದ ಬದುಕನ್ನು ವರ್ಷಗಟ್ಟಲೆ ಚಿತ್ರಿಸುವಾಗ

ಅಮೆರಿಕದ ನ್ಯೂಜೆರ್ಸಿ ರಾಜ್ಯದ ನ್ಯೂವಾರ್ಕ್‌ನಲ್ಲಿ ಚಟಕ್ಕೆ ಬಿದ್ದ ಮೂವರನ್ನು ಸಾಕ್ಷ್ಯಚಿತ್ರಕಾರ ಜಾನ್ ಆಲ್ಪರ್ಟ್ 1984ರಿಂದ ಚಿತ್ರಿಸುತ್ತ ಬಂದರು. ಎಚ್‌ಬಿಒ ಟಿವಿ ವಾಹಿನಿಯಲ್ಲಿ 1989ಕ್ಕೆ ಮೊದಲ ಚಿತ್ರ, 1998ಕ್ಕೆ ಎರಡನೆಯದು, 2020ರವರೆಗಿನ ಕಥೆ ಹೇಳುವ ಮೂರನೆಯದು 2021ಕ್ಕೆ. ಮೊದಲನೆಯದರಲ್ಲಿ ಕಾಣುವುದು ಅಂಗಡಿ ಕಳ್ಳತನ, ಸೂಜಿ, ಜೈಲು. ಮೂರನೆಯದರಲ್ಲಿ ಮೂವರಲ್ಲೊಬ್ಬಳಾದ ಹೆಣ್ಣುಮಗಳು ನಶೆ ಬಿಟ್ಟು ವರ್ಷಗಟ್ಟಲೆ ನೆಟ್ಟಗೆ ಬಾಳುತ್ತಾಳೆ. ಈಗ ಮೂವರೂ ಇಲ್ಲ. ಆಲ್ಪರ್ಟ್ 1989ಕ್ಕೇ ಕ್ಯಾಮೆರಾ ಮುಚ್ಚಿದ್ದರೆ ಅವರು ನಮ್ಮ ಪಾಲಿಗೆ ಬರೀ ಕಳ್ಳರಾಗಿ ಉಳಿಯುತ್ತಿದ್ದರು. ಇಂಥ ಕೆಲಸಕ್ಕೆ ಕಾಲವೇ ಮುಖ್ಯ ಎನ್ನುವುದು ಅದಕ್ಕೆ.

ಆದರೆ ಇಷ್ಟು ಕಾಲ ಜೊತೆಗಿರಬೇಕಾದರೆ ಒಪ್ಪಿಗೆಯ ಕಾಗದಕ್ಕೆ ಒಮ್ಮೆ ಸಹಿ ಹಾಕಿಸಿಕೊಂಡರೆ ಸಾಲದು. ನಶೆಯಲ್ಲಿದ್ದಾಗ ಹೇಳಿದ ‘ಆಯ್ತು’ ಒಪ್ಪಿಗೆಯಲ್ಲ. ನಶೆ ಸಿಗದೆ ಒದ್ದಾಡುವಾಗ ಹೇಳಿದ್ದಂತೂ ಅಲ್ಲವೇ ಅಲ್ಲ. ಹೆರಾಯಿನ್ ತಪ್ಪಿ 8ರಿಂದ 24 ಗಂಟೆಯೊಳಗೆ ಆಕಳಿಕೆ, ಮೂಗು ಸೋರುವುದು, ಮೈಕೈ ನೋವು, ವಾಂತಿ-ಭೇದಿ ಶುರುವಾಗುತ್ತದೆ. ಆ ಹೊತ್ತಿನಲ್ಲಿ ಐನೂರು ರೂಪಾಯಿ ಕೊಟ್ಟರೆ ಯಾವ ಕಾಗದಕ್ಕಾದರೂ ಸಹಿ ಬೀಳುತ್ತದೆ. ಹಾಗಾಗಿ ದೃಶ್ಯಕ್ಕೆ ದುಡ್ಡು ಕೊಡಬಾರದು. ಊಟ, ಬಸ್ ಚಾರ್ಜು ಕೊಡಬಹುದು. ಚಿತ್ತ ಸ್ವಸ್ಥವಾಗಿದ್ದ ದಿನ ಹಳೆಯ ದೃಶ್ಯ ತೋರಿಸಿ ಮತ್ತೆ ಕೇಳಬೇಕು. ಬೇಡ ಎಂದರೆ ತೆಗೆಯಬೇಕು.

ಕುಡಿತದ ವಿಷಯದಲ್ಲಿ ಇನ್ನೂ ಎಚ್ಚರ ಬೇಕು. ‘ಇವತ್ತಿಂದ ಬಿಟ್ಟೆ, ಶೂಟ್ ಮಾಡ್ಕೊಳ್ಳಿ ಸಾರ್’ ಎಂದರೆ ತಂಡಕ್ಕೆ ಒಳ್ಳೆಯ ದೃಶ್ಯ ಸಿಕ್ಕಿತು ಅನ್ನಿಸುತ್ತದೆ. ವರ್ಷಗಟ್ಟಲೆ ದಿನಾ ಕುಡಿದವರು ದಿಢೀರನೆ ನಿಲ್ಲಿಸಿದರೆ ಕೆಲವೇ ಗಂಟೆಗಳಲ್ಲಿ ಕೈ ನಡುಗುತ್ತದೆ, 48 ಗಂಟೆಯೊಳಗೆ ಫಿಟ್ಸ್ ಬರಬಹುದು, ಎರಡರಿಂದ ನಾಲ್ಕನೆಯ ದಿನದಲ್ಲಿ ಇಲ್ಲದ್ದೆಲ್ಲ ಕಾಣಿಸಿ ಪ್ರಾಣಕ್ಕೇ ಕುತ್ತಾಗಬಹುದು. ಆಗ ಕ್ಯಾಮೆರಾ ಬ್ಯಾಗಿಗೆ ಹಾಕಿ ಆಸ್ಪತ್ರೆಗೆ ಕರೆದೊಯ್ಯಬೇಕು.

ಜೈಲಿನಿಂದ ಅಥವಾ ಚಿಕಿತ್ಸಾ ಕೇಂದ್ರದಿಂದ ಹೊರಬಂದ ಮೊದಲ ವಾರಗಳು ಎಲ್ಲಕ್ಕಿಂತ ಅಪಾಯ. ದೇಹ ಹಳೆಯ ಪ್ರಮಾಣವನ್ನು ಮರೆತಿರುತ್ತದೆ, ಮನಸ್ಸು ಮರೆತಿರುವುದಿಲ್ಲ. ಮೊದಲು ತೆಗೆದುಕೊಳ್ಳುತ್ತಿದ್ದಷ್ಟೇ ಹೆರಾಯಿನ್ ಈಗ ಉಸಿರು ನಿಲ್ಲಿಸಬಹುದು. ಹೆರಾಯಿನ್‌ನಂಥ ನಶೆಯ ಪರಿಣಾಮವನ್ನು ತಡೆದು ಉಸಿರು ಮರಳಿಸುವ ಔಷಧ ನಲಾಕ್ಸೋನ್. ಅಮೆರಿಕದಲ್ಲಿ ಅದರ 4 ಮಿಲಿಗ್ರಾಂನ ಮೂಗಿನ ಸ್ಪ್ರೇ ಔಷಧದಂಗಡಿಯಲ್ಲೇ ಸಿಗುತ್ತದೆ. ಅಲ್ಲಿ ಶೂಟ್ ಮಾಡುವ ತಂಡದ ಕಿಟ್‌ನಲ್ಲಿ ಎರಡಾದರೂ ಇರಬೇಕು. ಎರಡು-ಮೂರು ನಿಮಿಷದಲ್ಲಿ ಉಸಿರು ಮರಳದಿದ್ದರೆ ಇನ್ನೊಂದು. ಅದರ ಪರಿಣಾಮ 30ರಿಂದ 90 ನಿಮಿಷಕ್ಕೆ ಇಳಿಯುವುದರಿಂದ, ಎದ್ದು ಕೂತರು ಎಂದು ಬಿಟ್ಟು ಬರುವಂತಿಲ್ಲ. ಆಂಬುಲೆನ್ಸ್ ಬೇಕೇ ಬೇಕು.

ನಮ್ಮಲ್ಲಿ ಕಾನೂನನ್ನೂ ನೋಡಬೇಕು. ಮಾನಸಿಕ ಆರೋಗ್ಯ ಆರೈಕೆ ಕಾಯ್ದೆ 2017ರ ವ್ಯಾಪ್ತಿಗೆ ಮದ್ಯ, ಮಾದಕ ವ್ಯಸನದ ತೊಂದರೆಗಳೂ ಬರುತ್ತವೆ. ಚಿಕಿತ್ಸೆಯಲ್ಲಿರುವವರ ಫೋಟೊ, ಮಾಹಿತಿಯನ್ನು ಅವರ ಒಪ್ಪಿಗೆಯಿಲ್ಲದೆ ಮಾಧ್ಯಮಕ್ಕೆ ಕೊಡುವಂತಿಲ್ಲ. ಆಸ್ಪತ್ರೆಯವರು ಹೂಂ ಅಂದರೆ ಸಾಕು ಅಂದುಕೊಳ್ಳುವವರೇ ಹೆಚ್ಚು.

ಎಡಿಟಿಂಗ್‌ನಲ್ಲಿ ದಶಕಗಳ ದೃಶ್ಯ ಸೇರಿದಾಗ ಅಗಲ-ಎತ್ತರದ ಅನುಪಾತ 4:3 ಇರುವ ಹಳೆಯ ಟೇಪನ್ನು ಇಂದಿನ ಅಗಲ ಪರದೆಯ 16:9ಕ್ಕೆ ಹಿಗ್ಗಿಸುವ ಆಸೆಯಾಗುತ್ತದೆ. ಅಗಲ ತುಂಬಿಸಿದರೆ ಎತ್ತರದ ಕಾಲು ಭಾಗ ಹೋಗುತ್ತದೆ. ಅಮೆರಿಕದ ಹಳೆಯ ಟಿವಿ ಪದ್ಧತಿಯಾದ ಎನ್‌ಟಿಎಸ್‌ಸಿಯಲ್ಲಿ ಚಿತ್ರ ಮೂಡಿಸುವ 480 ಸಾಲಿನಲ್ಲಿ ಉಳಿಯುವುದು 360. ಹಣೆಯೋ ಗಲ್ಲವೋ ಕತ್ತರಿಸಿಹೋಗುತ್ತದೆ. ಪಕ್ಕಕ್ಕೆ ಕಪ್ಪು ಪಟ್ಟಿ ಬಿಟ್ಟು ಪೂರ್ತಿ ಮುಖ ಉಳಿಸಿಕೊಳ್ಳುವುದೇ ಸರಿ, ಏಕೆಂದರೆ ಇಪ್ಪತ್ತು ವರ್ಷದ ಆಚೆಗಿನ ಅದೇ ಮುಖದ ಪಕ್ಕದಲ್ಲಿ ನೋಡುಗರು ಅದನ್ನಿಟ್ಟು ನೋಡಬೇಕಾಗಿದೆ.