ಹಾಜರಿ ಪುಸ್ತಕದಲ್ಲಿ ‘ಅಸ್ಸಾಂ–3’ ಅಂತ ಬರೆಯಬೇಡಿ

ಕಾಫಿ ಕೊಯ್ಲಿಗೆ ಅಸ್ಸಾಮಿನಿಂದ ಆಳು ಬಂದಾಗ ತೋಟದ ಹಾಜರಿ, ಕೂಲಿ ಲೆಕ್ಕ ಬರೆಯುವ ನಾವು ರೈಟರ್‌ಗಳು ಮಾಡುವ ಮೊದಲ ತಪ್ಪು ಹಾಜರಿ ಪುಸ್ತಕದಲ್ಲೇ ಇರುತ್ತದೆ. ಹೆಸರು ನಾಲಿಗೆಗೆ ಹೊರಳಲಿಲ್ಲ ಅಂತ ‘ಅಸ್ಸಾಂ–1, ಅಸ್ಸಾಂ–2’ ಎಂದು ಬರೆದುಬಿಡುತ್ತೇವೆ. ಬಟವಾಡೆ ದಿನ ಒಬ್ಬನ ದುಡ್ಡು ಇನ್ನೊಬ್ಬನಿಗೆ ಹೋಗುತ್ತದೆ. ಮೆಣಸಿನ ಏಣಿಯಿಂದ ಬಿದ್ದವನನ್ನು ಆಸ್ಪತ್ರೆಗೆ ಸೇರಿಸುವಾಗ ಅವನ ಹೆಸರೇ ಯಾರಿಗೂ ಗೊತ್ತಿರುವುದಿಲ್ಲ. ಆಧಾರ್ ನೋಡಿ ಪೂರ್ತಿ ಹೆಸರು ಬರೆಯಿರಿ, ಪಕ್ಕದಲ್ಲಿ ಅವರವರು ಕರೆದುಕೊಳ್ಳುವ ಹೆಸರು. ರೈಟರ್ ಏನಂತ ಕರೆಯುತ್ತಾನೋ ಮೇಸ್ತ್ರಿಯೂ ಊರಿನ ಆಳುಗಳೂ ಹಾಗೇ ಕರೆಯುತ್ತಾರೆ.

ಜೆರಾಕ್ಸ್ ಮಾಡಿಸಿ ಕಾರ್ಡನ್ನು ಅವತ್ತೇ ವಾಪಸ್ ಕೊಡಿ. ‘ಓಡಿಹೋಗ್ತಾರೆ’ ಅಂತ ಬೀರುವಿನಲ್ಲಿಟ್ಟರೆ, ಸಂತೆಯಲ್ಲಿ ಮುಖ ನೋಡಿ ತಡೆದವರಿಗೆ ತೋರಿಸಲು ಅವರ ಹತ್ತಿರ ಏನೂ ಇರುವುದಿಲ್ಲ. ಇನ್ನೊಂದು ಪ್ರತಿ ಮೊದಲ ವಾರವೇ ಠಾಣೆಗೆ ಹೋಗಲಿ. ಯಾರೋ ‘ಬಾಂಗ್ಲಾದವರು’ ಅಂತ ಫೋನ್ ಮಾಡಿದ ಮೇಲೆ ಕೊಟ್ಟರೆ ಅದು ಬರೀ ಸಮಜಾಯಿಷಿ.

ಅಸ್ಸಾಮಿನದೇ ಬುಡಕಟ್ಟಿನವರಾದ ಬೋಡೋಗಳನ್ನು ‘ನೇಪಾಳಿ’, ‘ಚೀನಾ’ ಅನ್ನುವವರೇ ಚಹಾ ತೋಟದ ಆದಿವಾಸಿಗಳನ್ನು ‘ಹಿಂದಿಯವರು’ ಅನ್ನುತ್ತಾರೆ. ಬ್ರಿಟಿಷರ ಕಾಲದಲ್ಲಿ ಛೋಟಾನಾಗಪುರದ ಕಡೆಯಿಂದ ಅಸ್ಸಾಮಿಗೆ ಹೋದವರ ಮಕ್ಕಳು ಇವರು. ಹಲವರ ಮನೆಮಾತು ಸಾದ್ರಿ. ಹಿಂದಿಯಲ್ಲಿ ಜೋರಾಗಿ ಹೇಳಿದ ಮಾತ್ರಕ್ಕೆ ಅರ್ಥವಾಗುವುದಿಲ್ಲ.

ಜಗಳವೆಲ್ಲ ಹುಟ್ಟುವುದು ತಕ್ಕಡಿ ಹತ್ತಿರ. ಕೆಜಿ ಲೆಕ್ಕದ ಕೂಲಿ. ಊರಿನವರ ಚೀಲ ಮೊದಲು, ಇವರದು ಕತ್ತಲಾದ ಮೇಲೆ ಅಂದರೆ ಅನುಮಾನ ಬಾರದೆ ಇರುತ್ತದೆಯೇ? ಸಾಲಿಗೆ ಬಂದಂತೆ ತೂಗಿ. ಅಂಕಿ ಕಾಣುವ ಬದಿಯನ್ನು ಹಣ್ಣು ಕುಯ್ದವರ ಕಡೆ ತಿರುಗಿಸಿ. ಖಾಲಿ ಚೀಲವನ್ನೂ ಒಮ್ಮೆ ಅವರೆದುರೇ ತೂಗಿ, ಎಷ್ಟು ಕಳೆಯುತ್ತೀರಿ ಅಂತ ತೋರಿಸಿ. ಕಣದಲ್ಲಿ ಮೆಣಸು ಕಳುವಾದರೆ ಆಳುಗಳು ಇರುವ ಲೈನ್ ಮನೆ ಎಲ್ಲವನ್ನೂ ಹುಡುಕಿ, ಇಲ್ಲವೇ ಯಾವುದನ್ನೂ ಹುಡುಕಬೇಡಿ.

2022ರಿಂದ ಅಸ್ಸಾಮಿನ ರೇಷನ್ ಕಾರ್ಡಿಗೂ ಇಲ್ಲಿ ಅಕ್ಕಿ ಸಿಗುತ್ತದೆ. ಆದ್ಯತಾ ಕಾರ್ಡಾದರೆ ತಿಂಗಳಿಗೆ ತಲೆಗೆ 5 ಕೆಜಿ. ಇಲ್ಲಿ ಎತ್ತಿದಷ್ಟು ಅವರ ಊರಲ್ಲಿ ಕಡಿತ, ಹಾಗಾಗಿ ಮನೆಗೆ ಫೋನ್ ಮಾಡಿ ಕೇಳಿಕೊಳ್ಳಲಿ. ‘ಹೊರಗಿನ ಕಾರ್ಡ್ ನಡೆಯಲ್ಲ’ ಅನ್ನುವ ಅಂಗಡಿಯವರಿದ್ದಾರೆ. ಮೊದಲ ಸಲ ಜೊತೆಗೆ ಹೋಗಿ.

ಕಳಲೆ, ಕೆಸು, ಒಣಮೀನು ನಮಗೂ ಅವರಿಗೂ ಒಂದೇ. ಬೇರೆಯಾಗುವುದು ಸಾಸಿವೆ ಎಣ್ಣೆಯಲ್ಲಿ. ಅಡಿಕೆಗೆ ಅಸ್ಸಾಮಿಯಲ್ಲಿ ‘ತಾಮುಲ್’ ಅನ್ನುತ್ತಾರೆ, ಮನೆಗೆ ಬಂದವರಿಗೆ ಅಲ್ಲೂ ಮೊದಲು ಎಲೆಯಡಿಕೆಯೇ. ಆದರೆ ನಮ್ಮ ಚಾಲಿ, ಅಂದರೆ ಒಣಗಿಸಿ ಸುಲಿದ ಅಡಿಕೆ, ಅವರಿಗೆ ರುಚಿಸದು, ಹಸಿಯದೇ ಆಗಬೇಕು. ಲೈನ್ ಕಡೆ ಹೋಗುವಾಗ ನಾಲ್ಕು ಹಣ್ಣಡಿಕೆ ಜೇಬಿಗೆ ಹಾಕಿಕೊಳ್ಳಿ.