ಉಂಗಾರೆತ್ತಿಯ ಚಿಕ್ಕ ಪದ್ಯಗಳು

ಇಟಲಿಯ ಕವಿ ಜುಸೆಪ್ಪೆ ಉಂಗಾರೆತ್ತಿಯ ಮಾತು ಬಂದಾಗಲೆಲ್ಲ ಗೆಳೆಯರು ಕೇಳುವ ಪ್ರಶ್ನೆ ಒಂದೇ: ಮೂರು ನಾಲ್ಕು ಸಾಲಿಗೇ ನಿಂತುಬಿಡುವ ಪದ್ಯಗಳನ್ನು ಬರೆದವನನ್ನು ದೊಡ್ಡ ಕವಿ ಎನ್ನುವುದು ಹೇಗೆ?

ಆ ಪದ್ಯಗಳು ಹುಟ್ಟಿದ ಜಾಗವನ್ನು ತಿಳಿಯದೆ ಇದಕ್ಕೆ ಉತ್ತರ ಸಿಗುವುದಿಲ್ಲ. 1888ರಲ್ಲಿ ಈಜಿಪ್ಟಿನ ಅಲೆಕ್ಸಾಂಡ್ರಿಯದಲ್ಲಿ ಇಟಲಿಯ ವಲಸೆಗಾರ ದಂಪತಿಗೆ ಹುಟ್ಟಿದ ಉಂಗಾರೆತ್ತಿ, ಸೂಯೆಜ್ ಕಾಲುವೆಯಲ್ಲಿ ದುಡಿದ ತಂದೆಯನ್ನು ಎಳವೆಯಲ್ಲೇ ಕಳೆದುಕೊಂಡ. ತಾಯಿ ಬೇಕರಿ ನಡೆಸಿ ಸಂಸಾರ ಸಾಕಿದಳು. 1912ರಲ್ಲಿ ಪ್ಯಾರಿಸ್ ಸೇರಿದವನು, 1915ರಲ್ಲಿ ಇಟಲಿ ಮೊದಲ ಮಹಾಯುದ್ಧಕ್ಕಿಳಿದಾಗ ಸಾಮಾನ್ಯ ಸಿಪಾಯಿಯಾಗಿ ಕಾರ್ಸೋ ಎಂಬ ಸುಣ್ಣಕಲ್ಲಿನ ಬೋಳು ಪ್ರಸ್ಥಭೂಮಿಯ ಕಂದಕಗಳಿಗೆ ಬಂದ. ಅಲ್ಲಿ ಕೈಗೆ ಸಿಕ್ಕಿದ ಕಾಗದದ ಚೂರುಗಳ ಮೇಲೆ ಬರೆದು ಚೀಲಕ್ಕೆ ತುರುಕುತ್ತಿದ್ದ ಪದ್ಯಗಳನ್ನು ಎತ್ತೊರೆ ಸೆರ್ರಾ ಎಂಬ ತರುಣ ಸೇನಾಧಿಕಾರಿ 1916ರಲ್ಲಿ ಉದಿನೆ ಪಟ್ಟಣದಲ್ಲಿ ಅಚ್ಚು ಹಾಕಿಸಿದ. ಪ್ರತಿಗಳು ಬರೀ 80.

ಆ ಪದ್ಯಗಳಿಗೆ ಊರು, ತಾರೀಖು ಜೊತೆಗೇ ಇರುತ್ತವೆ. 1915ರ ಡಿಸೆಂಬರ್ 23ರ ‘ಜಾಗರಣೆ’ಯಲ್ಲಿ ಕವಿ, ಹತನಾದ ಸಂಗಾತಿಯ ಪಕ್ಕದಲ್ಲಿ ಇಡೀ ರಾತ್ರಿ ಬಿದ್ದುಕೊಂಡಿದ್ದಾನೆ. ಹೆಣದ ಬಾಯಿ ಹಲ್ಲು ಕಿರಿದು ಹುಣ್ಣಿಮೆಯ ಚಂದ್ರನಿಗೆ ಮುಖ ಮಾಡಿದೆ, ಕೈಗಳು ರಕ್ತಗಟ್ಟಿ ಬಾತಿವೆ. ಆ ರಾತ್ರಿ ತಾನು ಪ್ರೀತಿ ತುಂಬಿದ ಪತ್ರಗಳನ್ನು ಬರೆದೆನೆಂದೂ, ಬದುಕಿಗೆ ಇಷ್ಟು ಗಟ್ಟಿಯಾಗಿ ಎಂದೂ ಅಂಟಿಕೊಂಡಿರಲಿಲ್ಲವೆಂದೂ ಹೇಳಿ ಅವನು ನಿಲ್ಲಿಸುತ್ತಾನೆ. ಶತ್ರುವಿನ ಮೇಲೆ ಒಂದು ಬೈಗುಳವಿಲ್ಲ, ದೇಶಭಕ್ತಿಯ ಒಂದು ಘೋಷಣೆಯಿಲ್ಲ. ಇದಕ್ಕೆ ಒಂದು ಸಾಲು ಸೇರಿಸಿದ್ದರೂ ಸತ್ತವನೆದುರು ಭಾಷಣ ಮಾಡಿದಂತಾಗುತ್ತಿತ್ತು ಎಂದೇ ನನ್ನ ನಂಬಿಕೆ. 1918ರಲ್ಲಿ ಫ್ರಾನ್ಸಿನ ಕಾಡೊಂದರಲ್ಲಿ ಬರೆದ ‘ಸಿಪಾಯಿಗಳು’ ಪದ್ಯದಲ್ಲಂತೂ ಶರತ್ಕಾಲದ ಮರದ ಮೇಲಿನ ಎಲೆಗಳಂತೆ ಇದ್ದೇವೆ ಎಂಬಷ್ಟೇ ಮಾತಿದೆ. ಸಿಪಾಯಿ ಎಂಬ ಪದವೂ ಶೀರ್ಷಿಕೆಯಲ್ಲಿ ಮಾತ್ರ.

ಮುಂದೆ ಅವನು ಫ್ಯಾಸಿಸಂ ಪರ ನಿಂತ. ಉದಿನೆಯಲ್ಲಿ ಅಚ್ಚಾದ ಆ ಪುಸ್ತಕದ 1923ರ ಆವೃತ್ತಿಗೆ ಮುಸೊಲಿನಿಯೇ ಮುನ್ನುಡಿ ಬರೆದ. ಇದನ್ನು ಮುಚ್ಚಿಟ್ಟು ಅವನನ್ನು ಹೊಗಳುವುದು ನನಗೆ ಒಪ್ಪಿಗೆಯಿಲ್ಲ, ಆದರೆ ಕಂದಕದ ಪದ್ಯಗಳ ಸತ್ಯ ಇದರಿಂದ ಸುಳ್ಳಾಗುವುದೂ ಇಲ್ಲ. ಬ್ರೆಜಿಲ್‌ನ ಸಾವೊ ಪೌಲೊದಲ್ಲಿ ಅಧ್ಯಾಪಕನಾಗಿದ್ದಾಗ, 1939ರಲ್ಲಿ, ಅವನ ಒಂಬತ್ತು ವರ್ಷದ ಮಗ ತೀರಿಕೊಂಡ. ಆ ಸಂಕಟ 1947ರ ‘ನೋವು’ ಸಂಕಲನದ ದೊಡ್ಡ ಭಾಗವೊಂದನ್ನು ತುಂಬಿದೆ, ಅಲ್ಲಿ ಸಾಲುಗಳು ಕೆಲವೆಡೆ ಉದ್ದವಾಗಿವೆ. ಚಿಕ್ಕದಾಗಿ ಬರೆಯುವುದೇ ಅವನಿಗೆ ವ್ರತವಾಗಿರಲಿಲ್ಲ. ಆದ್ದರಿಂದ ಪ್ರಶ್ನೆ ಕೇಳುವವರಿಗೆ ನಾನು ಮೊದಲು ‘ಜಾಗರಣೆ’ಯನ್ನು, ಆಮೇಲೆ ‘ನೋವು’ ಸಂಕಲನವನ್ನು ಓದಲು ಹೇಳುತ್ತೇನೆ.