ಮರದ ವ್ಯಾಪಾರಿ ಮತ್ತು ಮೂರು ಹೋಳಿನ ನಕ್ಷೆ

ನನ್ನ ಎಸ್ಸೆಸ್ಸೆಲ್ಸಿ ಅಂಕಪಟ್ಟಿಯಲ್ಲಿ ಶಾಲೆಯ ಹೆಸರಿನ ಕೆಳಗೆ ‘ಜಗಳೂರು ತಾಲ್ಲೂಕು, ಚಿತ್ರದುರ್ಗ ಜಿಲ್ಲೆ’ ಎಂದಿದೆ. ಅದೇ ಶಾಲೆಯಲ್ಲಿ, ಪ್ರಾಯಶಃ ಅದೇ ಬೆಂಚಿನ ಮೇಲೆ ಕೂತು ಓದಿದ ನನ್ನ ತಮ್ಮನ ಮಗನ ಅಂಕಪಟ್ಟಿಯಲ್ಲಿ ‘ದಾವಣಗೆರೆ ಜಿಲ್ಲೆ’ ಎಂದಿದೆ. 1997ರ ಆಗಸ್ಟ್ 15ರಂದು, ಚನ್ನಗಿರಿ ತಾಲ್ಲೂಕಿನ ಕಾರಿಗನೂರಿನವರಾದ ಜೆ.ಎಚ್. ಪಟೇಲರು ಮುಖ್ಯಮಂತ್ರಿಯಾಗಿದ್ದಾಗ, ಚಿತ್ರದುರ್ಗದಿಂದ ದಾವಣಗೆರೆ, ಹರಿಹರ, ಜಗಳೂರು, ಶಿವಮೊಗ್ಗದಿಂದ ಹೊನ್ನಾಳಿ, ಚನ್ನಗಿರಿ, ಬಳ್ಳಾರಿಯಿಂದ ಹರಪನಹಳ್ಳಿ ಎಂದು ಆರು ತಾಲ್ಲೂಕುಗಳನ್ನು ಕೂಡಿಸಿ ನಮ್ಮ ಜಿಲ್ಲೆಯನ್ನು ಮಾಡಲಾಯಿತು. ಹರಪನಹಳ್ಳಿಯಲ್ಲಿರುವ ನನ್ನ ಸೋದರತ್ತೆಯ ಪಾಡು ಇನ್ನೂ ವಿಚಿತ್ರ. ಅವರು ಮದುವೆಯಾಗಿ ಹೋದಾಗ ಅದು ಬಳ್ಳಾರಿ ಜಿಲ್ಲೆ, 1997ರಲ್ಲಿ ದಾವಣಗೆರೆ, 2018ರಲ್ಲಿ ಮತ್ತೆ ಬಳ್ಳಾರಿ, 2021ರಲ್ಲಿ ವಿಜಯನಗರ. ಅತ್ತೆ ಆ ಮನೆಯ ಹೊಸ್ತಿಲು ಬಿಟ್ಟು ಬೇರೆ ಊರಿಗೆ ಹೋದವರಲ್ಲ. “ಯಾರಾದ್ರೂ ಒಂದ್ಮಾತು ನಮ್ಮನ್ನ ಕೇಳಿದ್ರೇನಪ್ಪಾ?” ಎಂದು ಅವರು ಒಮ್ಮೆ ಕೇಳಿದಾಗ ನಾನು ನಕ್ಕು ಸುಮ್ಮನಾಗಿದ್ದೆ.

ಆ ಮಾತು ಮತ್ತೆ ನೆನಪಾದದ್ದು ಫಿಲಿಪೀನ್ಸಿನ ಒಬ್ಬ ಮನುಷ್ಯನ ಕಥೆ ಕೇಳಿದಾಗ. ನನ್ನ ತಂಗಿಯ ಮಗ ವೈದ್ಯಕೀಯ ಓದಲು ದಾವಾವೊ ನಗರಕ್ಕೆ ಹೋಗಿದ್ದ. (ನಮ್ಮಮ್ಮ ಕೊನೆಯವರೆಗೂ ಅವನು ದಾವಣಗೆರೆಯಲ್ಲೇ ಎಲ್ಲೋ ಓದುತ್ತಿದ್ದಾನೆಂದು ತಿಳಿದಿದ್ದರು.) ಒಂದು ರಜೆಯಲ್ಲಿ ಅವನು ಪಲಾವಾನ್ ದ್ವೀಪಕ್ಕೆ ಹೋಗಿ ಬಂದು, ಅಲ್ಲಿನ ಗೋಡಂಬಿಯ ಪೊಟ್ಟಣವನ್ನು ನನ್ನ ಮುಂದಿಟ್ಟು, “ಮಾಮ, ಅಲ್ಲಿ ಜಿಲ್ಲೆ ಒಡೆಯೋದಕ್ಕೂ ಓಟು ಹಾಕಿಸ್ತಾರೆ ಗೊತ್ತಾ?” ಎಂದ. ಆಮೇಲೆ ನಾನೇ ಹುಡುಕಿ ಓದುತ್ತ ಹೋದಂತೆ ಎದುರಾದವರು ಹೋಸೆ ಅಲ್ವಾರೆಜ್. ಮೊದಲು ಮರದ ವ್ಯಾಪಾರಿ, ನಂತರ ಕಾರುಗಳ ವ್ಯಾಪಾರಿ, ಕೊನೆಗೆ ಒಂಬತ್ತು ವರ್ಷ ಆ ಪ್ರಾಂತ್ಯದ ಗವರ್ನರ್.

ವ್ಯಾಪಾರದ ಗಾದಿಯಿಂದ ಎದ್ದು ರಾಜಕೀಯದ ಕುರ್ಚಿಗೆ ಹೋಗುವುದು ನಮ್ಮ ಕಡೆಯವರಿಗೆ ಹೊಸದಲ್ಲ. ಶಾಮನೂರು ಶಿವಶಂಕರಪ್ಪನವರ ಉದ್ಯಮ, ವಿದ್ಯಾಸಂಸ್ಥೆ ಮತ್ತು ರಾಜಕೀಯ ಈ ಮೂರನ್ನೂ ಬಿಡಿಸಿ ನೋಡಲು ಊರಿನವರಿಗೇ ಆಗುವುದಿಲ್ಲ; ಭೀಮಸಮುದ್ರದ ಅಡಿಕೆ ವ್ಯಾಪಾರದ ಮನೆತನದಿಂದ ಬಂದ ಜಿ.ಎಂ. ಸಿದ್ದೇಶ್ವರ ಅವರು 2004ರಿಂದ ಇಪ್ಪತ್ತು ವರ್ಷ ನಮ್ಮ ಲೋಕಸಭಾ ಸದಸ್ಯರಾಗಿದ್ದರು. ಆದ್ದರಿಂದ ಅಲ್ವಾರೆಜ್ ಅವರು ಶ್ರೀಮಂತರಾಗಿದ್ದು ಚುನಾವಣೆಗೆ ನಿಂತರು ಎಂಬುದರಲ್ಲಿ ನನಗೇನೂ ಸೋಜಿಗವಿಲ್ಲ. ಸೋಜಿಗವಿರುವುದು ಅವರು ಯಾವ ಸರಕಿನಿಂದ ಬಂದರು, ಮತ್ತು ಕೊನೆಗೆ ಯಾವ ಸರಕು ಅವರ ಕೈಯಲ್ಲಿ ಬಿಕರಿಯಾಗಲಿಲ್ಲ ಎಂಬುದರಲ್ಲಿ.

ಪಲಾವಾನ್ ಎಂದರೆ ಫಿಲಿಪೀನ್ಸಿನ ಪಶ್ಚಿಮದ ಅಂಚಿನಲ್ಲಿ, ಬೋರ್ನಿಯೊ ಕಡೆಗೆ ಚಾಚಿಕೊಂಡಿರುವ ಉದ್ದನೆಯ ಕಿರಿದಾದ ದ್ವೀಪ. ಸುತ್ತಲಿನ ನೂರಾರು ಸಣ್ಣ ದ್ವೀಪಗಳೂ ಸೇರಿ ಒಂದು ಪ್ರಾಂತ್ಯ. ವಿಸ್ತೀರ್ಣದಲ್ಲಿ ಆ ದೇಶದ ಅತಿ ದೊಡ್ಡ ಪ್ರಾಂತ್ಯ ಇದೇ. ದೇಶದ ಉಳಿದೆಡೆ ಕಾಡು ಕರಗಿಹೋದ ಮೇಲೂ ಇಲ್ಲಿ ಉಳಿದಿತ್ತು. 1980ರ ದಶಕದಲ್ಲಿ ಆ ಕಾಡಿನ ಗುತ್ತಿಗೆ ಹಿಡಿದಿದ್ದ ದೊಡ್ಡ ಹೆಸರು ಅಲ್ವಾರೆಜ್ ಅವರದು. ಅವರ ಪಗ್ದಾನನ್ ಟಿಂಬರ್ ಪ್ರಾಡಕ್ಟ್ಸ್ ಮತ್ತು ನೇಷನ್‌ವೈಡ್ ಪ್ರಿನ್ಸೆಸಾ ಟಿಂಬರ್ ಎಂಬ ಎರಡು ಕಂಪನಿಗಳ ಕೈಯಲ್ಲಿ ಸುಮಾರು 1,68,000 ಹೆಕ್ಟೇರ್ ಕಾಡಿತ್ತು. ಮರ ಕಡಿಯಲು ಯೋಗ್ಯವೆಂದು ಗುರುತಿಸಿದ್ದ ಪಲಾವಾನ್ ಕಾಡಿನ ಅರ್ಧಕ್ಕಿಂತ ಹೆಚ್ಚು ಪಾಲು ಅದು. ಈ ಅಂಕಿಯನ್ನು ಕಣ್ಣಿಗೆ ತಂದುಕೊಳ್ಳಲು ನಾನು ಚದರ ಕಿಲೋಮೀಟರಿಗೆ ಇಳಿಸಿ ನೋಡಿದೆ: 1,680. ನಮ್ಮ ಒಂದು ದೊಡ್ಡ ತಾಲ್ಲೂಕಿನಷ್ಟು ಕಾಡು ಒಬ್ಬ ವ್ಯಾಪಾರಿಯ ಲೆಕ್ಕದ ಪುಸ್ತಕದಲ್ಲಿತ್ತು.

ಇದರ ವಿರುದ್ಧ ಕೂಗು ಎದ್ದಿತು. ಹರಿಬೋನ್ ಎಂಬ ಪರಿಸರ ಸಂಸ್ಥೆಯು ಪಲಾವಾನ್ ಕಾಡಿಗಾಗಿ ಹತ್ತು ಲಕ್ಷ ಸಹಿ ಸಂಗ್ರಹಿಸುವ ಚಳವಳಿ ನಡೆಸಿತು. 1992ರ ಜೂನ್‌ನಲ್ಲಿ ಗಣರಾಜ್ಯ ಕಾಯ್ದೆ 7611 ಜಾರಿಗೆ ಬಂತು. ಪಲಾವಾನ್‌ಗೆಂದೇ ಮಾಡಿದ ಪರಿಸರ ಯೋಜನೆಯ ಕಾನೂನು ಅದು. ಅದರ ಮೇಲ್ವಿಚಾರಣೆಗೆ ಒಂದು ಮಂಡಳಿಯೂ ಹುಟ್ಟಿತು, ದೊಡ್ಡ ಕಂಪನಿಗಳ ಮರ ಕಡಿತ ಅಲ್ಲಿಗೆ ನಿಂತಿತು. ಅಲ್ವಾರೆಜ್ ಅವರ ಗಮನ ಮೋಟಾರು ಉದ್ಯಮದ ಕಡೆಗೆ ಹೊರಳಿತು. ಕಿಯಾ, ಬಿಎಂಡಬ್ಲ್ಯು ಕಾರುಗಳನ್ನು ಫಿಲಿಪೀನ್ಸಿನಲ್ಲಿ ಮಾರುವ ವಹಿವಾಟಿನಲ್ಲಿ ಅವರ ಬಳಗ ಹೆಸರು ಮಾಡಿತು. ಈ ಭಾಗದಲ್ಲಿ ಹೇಳುವಂಥದ್ದು ಹೆಚ್ಚಿಲ್ಲ. ದುಡ್ಡು ಇತ್ತು, ಇನ್ನಷ್ಟು ಬಂತು.

ಅವರು ಗವರ್ನರ್ ಹುದ್ದೆಗೆ ನಿಂತು ಸೋತದ್ದು 2010ರಲ್ಲಿ. ಆ ಚುನಾವಣೆಯ ಒಂದು ಕೋಣೆಯ ಕಥೆಯನ್ನು ಹೇಳದೆ ಮುಂದೆ ಹೋಗಲಾರೆ. ಅವರ ಎದುರಾಳಿ ಅಬ್ರಹಾಂ ಮಿತ್ರ. ನಮ್ಮ ಕಿವಿಗೆ ಗೆಳೆಯ ಎಂದು ಕೇಳಿಸುವ ಈ ಮನೆತನದ ಹೆಸರು ಅಲ್ಲಿ ಬಹಳ ದೊಡ್ಡದು. ಅವರ ತಂದೆ ರಾಮೋನ್ ಮಿತ್ರ ದೇಶದ ಸಂಸತ್ತಿನ ಕೆಳಮನೆಯ ಸ್ಪೀಕರ್ ಆಗಿದ್ದವರು. ರಾಜಧಾನಿ ಪುಯೆರ್ಟೊ ಪ್ರಿನ್ಸೆಸಾ 2007ರಲ್ಲಿ ಪ್ರಾಂತ್ಯದ ಆಡಳಿತದಿಂದ ಬೇರೆಯಾದ ಮಹಾನಗರವಾದ್ದರಿಂದ, ಅಲ್ಲಿನ ನಿವಾಸಿಗಳು ಪ್ರಾಂತ್ಯದ ಹುದ್ದೆಗಳಿಗೆ ಮತ ಹಾಕುವಂತಿರಲಿಲ್ಲ, ನಿಲ್ಲುವಂತೆಯೂ ಇರಲಿಲ್ಲ. ಹಾಗಾಗಿ ಮಿತ್ರ ಅವರು ದಕ್ಷಿಣದ ಅಬೋರ್ಲಾನ್ ಎಂಬ ಊರಿಗೆ ವಾಸ ಬದಲಿಸಿದ್ದೇನೆಂದು ತೋರಿಸಲು ಅಲ್ಲಿನ ಒಂದು ಪಶು ಆಹಾರದ ಮಿಲ್ಲಿನ ಅಟ್ಟದ ಮೇಲಿನ ಕೋಣೆಯನ್ನು ಬಾಡಿಗೆಗೆ ಹಿಡಿದಿದ್ದರು. ಇಬ್ಬರು ಮತದಾರರು ಚುನಾವಣಾ ಆಯೋಗಕ್ಕೆ ದೂರು ಕೊಟ್ಟರು. ಆಯೋಗವು ಆ ಕೋಣೆಯ ಫೋಟೊಗಳನ್ನು ನೋಡಿ, ಸಾಮಾನು ಇಷ್ಟು ಕಡಿಮೆ, ಮನೆಯ ಕಳೆಯೇ ಇಲ್ಲ, ಇಲ್ಲಿ ಯಾರೂ ಬದುಕುತ್ತಿಲ್ಲ ಎಂದು ಅವರ ಉಮೇದುವಾರಿಕೆಯನ್ನೇ ರದ್ದು ಮಾಡಿತು. 2010ರ ಜುಲೈ 2ರಂದು ಸುಪ್ರೀಂ ಕೋರ್ಟ್ ಆ ಆದೇಶವನ್ನು ತಳ್ಳಿಹಾಕಿತು. ಕೋಣೆಯ ಅಲಂಕಾರ ಕಂಡು ವಾಸವನ್ನು ಅಳೆಯಲಾಗದು ಎಂಬುದು ಅದರ ತಾತ್ಪರ್ಯ. ಅಬೋರ್ಲಾನ್‌ನಲ್ಲಿ ಅವರಿಗಿದ್ದ ಅನಾನಸ್ ತೋಟವನ್ನೂ ಹುಂಜ ಸಾಕುವ ಜಾಗವನ್ನೂ ಕೋರ್ಟು ಲೆಕ್ಕಕ್ಕೆ ತೆಗೆದುಕೊಂಡಿತು. ಮಿತ್ರ ಗವರ್ನರ್ ಆಗಿ ಉಳಿದರು.

ದಾವಣಗೆರೆಯ ಮಿಲ್ಲುಗಳ ಅಟ್ಟದಲ್ಲಿ ಗುಮಾಸ್ತರು ಮಲಗುತ್ತಿದ್ದುದನ್ನು ಕಂಡ ನನಗೆ ಆ ತೀರ್ಪು ಬಹಳ ಸರಿ ಎನಿಸಿತು. ಒಂದು ಚಾಪೆ, ಒಂದು ಟ್ರಂಕು, ಮೊಳೆಗೆ ನೇತುಹಾಕಿದ ಒಂದು ಅಂಗಿ, ಅಷ್ಟರಲ್ಲೇ ಮೂವತ್ತು ವರ್ಷ ಕಳೆದವರಿದ್ದರು. ಮನೆಯ ಕಳೆ ಹುಡುಕುತ್ತ ಹೋದರೆ ಅವರಾರಿಗೂ ವಾಸಸ್ಥಳವೇ ಇರಲಿಲ್ಲ ಎನ್ನಬೇಕಾಗುತ್ತದೆ.

ಅಲ್ವಾರೆಜ್ ಮೂರು ವರ್ಷ ಕಾದರು. 2013ರಲ್ಲಿ ಮಿತ್ರ ಅವರನ್ನೇ ಸೋಲಿಸಿ ಗವರ್ನರ್ ಆದರು. 2016ರಲ್ಲಿ ಮತ್ತೆ, 2019ರಲ್ಲಿ ಮತ್ತೆ. ಅಲ್ಲಿ ಗವರ್ನರನನ್ನು ಜನರೇ ನೇರವಾಗಿ ಆರಿಸುತ್ತಾರೆ, ಅವಧಿ ಮೂರು ವರ್ಷ, ಒಬ್ಬರು ಸತತವಾಗಿ ಮೂರು ಅವಧಿಗಿಂತ ಹೆಚ್ಚು ಕೂರುವಂತಿಲ್ಲ. ರಸ್ತೆ, ಆಸ್ಪತ್ರೆ, ವಿದ್ಯಾರ್ಥಿವೇತನ ಎಂದು ಅವರು ಕೆಲಸ ನಡೆಸಿದರು. ಪಲಾವಾನ್‌ನದೇ ಆದ ಒಂದು ಪಕ್ಷವನ್ನೂ ಕಟ್ಟಿದರು. ಉತ್ತರದ ಮೊದಲ ಕ್ಷೇತ್ರದಿಂದ ಸಂಸತ್ತಿಗೆ ಹೋದವರೂ ಅದೇ ಮನೆತನದವರು. ಇಷ್ಟರಲ್ಲಿ ನನ್ನನ್ನು ಹಿಡಿದು ನಿಲ್ಲಿಸಿದ ಸಂಗತಿ ಒಂದೇ: 1992ರ ಆ ಪರಿಸರ ಕಾನೂನಿನಿಂದ ಹುಟ್ಟಿದ ಮಂಡಳಿಯ ಅಧ್ಯಕ್ಷಪೀಠದಲ್ಲಿ, ಗವರ್ನರ್ ಆದ ಬಳಿಕ, ಕುಳಿತವರು ಇದೇ ಅಲ್ವಾರೆಜ್. ತನ್ನ ವ್ಯಾಪಾರವನ್ನು ನಿಲ್ಲಿಸಿದ ಕಾನೂನಿನ ಕಾವಲಿಗೆ ಆ ವ್ಯಾಪಾರಿಯೇ ಕೂತರು. ಕಾಡಿನ ಬೆಲೆ ಅವರಷ್ಟು ಚೆನ್ನಾಗಿ ಯಾರಿಗೆ ಗೊತ್ತು ಎಂದು ಬೆಂಬಲಿಗರು ಹೇಳಬಹುದು. ನಾನು ಆ ವಾದಕ್ಕೆ ತಲೆದೂಗುವವನಲ್ಲ. ಬೆಲೆ ಗೊತ್ತಿರುವುದು ಬೇರೆ, ಬೆಲೆ ಕಟ್ಟಬಾರದೆಂದು ಗೊತ್ತಿರುವುದು ಬೇರೆ.

ಇನ್ನು ನಕ್ಷೆಯ ವಿಷಯ. ಪಲಾವಾನ್ ಬಹಳ ದೊಡ್ಡದು, ಒಂದೇ ಆಡಳಿತಕ್ಕೆ ಒಗ್ಗದು, ಮೂರು ಪ್ರಾಂತ್ಯ ಮಾಡೋಣ ಎಂಬುದು ಗವರ್ನರ್ ಮತ್ತು ಅವರ ಬಳಗ ಮುಂದಿಟ್ಟ ಯೋಜನೆ. 2019ರ ಏಪ್ರಿಲ್‌ನಲ್ಲಿ ಅಧ್ಯಕ್ಷ ಡುಟರ್ಟೆ ಸಹಿ ಹಾಕಿದ ಕಾಯ್ದೆ 11259ರ ಪ್ರಕಾರ ಉತ್ತರಕ್ಕೆ ಪಲಾವಾನ್ ದೆಲ್ ನೋರ್ತೆ, ಅದರ ರಾಜಧಾನಿ ತಾಯ್‌ತಾಯ್. ಪೂರ್ವಕ್ಕೆ ಪಲಾವಾನ್ ಓರಿಯೆಂಟಲ್, ರಾಜಧಾನಿ ರೋಹಾಸ್. ದಕ್ಷಿಣಕ್ಕೆ ಪಲಾವಾನ್ ದೆಲ್ ಸುರ್, ರಾಜಧಾನಿ ಬ್ರೂಕ್ಸ್ ಪಾಯಿಂಟ್. ದೂರದ ವಾದ ಸುಳ್ಳಲ್ಲ. ಕುಯೋ ಅಥವಾ ಬಲಾಬಾಕ್ ದ್ವೀಪದವನು ಒಂದು ಸಹಿಗೆಂದು ಸಮುದ್ರ ದಾಟಿ ಪುಯೆರ್ಟೊ ಪ್ರಿನ್ಸೆಸಾಕ್ಕೆ ಬರಬೇಕು. ಜಗಳೂರಿನಿಂದ ಬೆಳಗಿನ ಬಸ್ಸು ಹಿಡಿದು ದುರ್ಗದ ಡಿಸಿ ಕಚೇರಿಗೆ ಹೋಗಿ, ಸಾಹೇಬರಿಲ್ಲ ನಾಳೆ ಬನ್ನಿ ಎನಿಸಿಕೊಂಡು ಬಂದ ನಮ್ಮಪ್ಪನ ಮುಖ ನನಗೆ ನೆನಪಿದೆ, ಆದ್ದರಿಂದ ಈ ವಾದವನ್ನು ನಾನು ಹಗುರವಾಗಿ ಕಾಣಲಾರೆ.

ಆದರೆ ದೂರದ ಜೊತೆಗೆ ಒಂದು ಲೆಕ್ಕವೂ ಇತ್ತು. ಅಲ್ಲಿನ 1991ರ ಸ್ಥಳೀಯ ಆಡಳಿತ ಸಂಹಿತೆಯ ಪ್ರಕಾರ ಕೇಂದ್ರದ ತೆರಿಗೆಯಲ್ಲಿ ಪ್ರಾಂತ್ಯಗಳಿಗೆಂದು ಬರುವ ಪಾಲನ್ನು ಹಂಚುವಾಗ ಶೇ. 50 ಜನಸಂಖ್ಯೆಯನ್ನು ನೋಡಿ, ಶೇ. 25 ವಿಸ್ತೀರ್ಣವನ್ನು ನೋಡಿ, ಉಳಿದ ಶೇ. 25 ಎಲ್ಲ ಪ್ರಾಂತ್ಯಗಳಿಗೂ ಸಮನಾಗಿ. ಒಂದು ಪ್ರಾಂತ್ಯ ಮೂರಾದರೆ ಜನ, ಜಮೀನು ಹೆಚ್ಚುವುದಿಲ್ಲ, ಆದರೆ ಆ ಸಮಪಾಲು ಮಾತ್ರ ಒಂದರ ಜಾಗದಲ್ಲಿ ಮೂರು ಬರುತ್ತದೆ. ಅಣ್ಣತಮ್ಮಂದಿರು ಒಂದೇ ಒಲೆಯಲ್ಲಿ ಉಣ್ಣುತ್ತಲೇ ಬೇರೆ ಬೇರೆ ರೇಷನ್ ಕಾರ್ಡು ಮಾಡಿಸುವುದನ್ನು ಕಂಡವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಉತ್ತರದ ಕಡಲಿನಾಚೆ ಮಲಾಂಪಾಯಾ ಎಂಬ ಅನಿಲ ನಿಕ್ಷೇಪವೂ ಇದೆ. ಅದರ ಆದಾಯದಲ್ಲಿ ಪ್ರಾಂತ್ಯಕ್ಕೆ ಶೇ. 40 ಪಾಲು ಸಿಗದು, ಅದು ಪ್ರಾಂತ್ಯದ ಗಡಿಯೊಳಗಿಲ್ಲ ಎಂದು ಸುಪ್ರೀಂ ಕೋರ್ಟ್ 2018ರ ಡಿಸೆಂಬರಿನಲ್ಲಷ್ಟೇ ಹೇಳಿತ್ತು.

ನಮ್ಮಲ್ಲಾದರೆ ಇಷ್ಟಕ್ಕೆ ಗೆಜೆಟ್ ಹೊರಟು ಮುಗಿಯುತ್ತಿತ್ತು. ಅಲ್ಲಿನ ಸಂವಿಧಾನವು ಪ್ರಾಂತ್ಯವನ್ನು ಒಡೆಯುವ ಮುನ್ನ ಅಲ್ಲಿನ ಜನರ ಬಹುಮತ ಪಡೆಯಲೇಬೇಕು ಎನ್ನುತ್ತದೆ. 2020ರ ಮೇ ತಿಂಗಳಿಗೆ ಗೊತ್ತಾಗಿದ್ದ ಮತದಾನ ಕೊರೊನಾದಿಂದ ಮುಂದೆ ಹೋಗಿ 2021ರ ಮಾರ್ಚ್ 13ರಂದು ನಡೆಯಿತು. ರಾಜಧಾನಿಯ ನಿವಾಸಿಗಳಿಗೆ, ಅವರು ಪ್ರಾಂತ್ಯದ ಮತದಾರರಲ್ಲವೆಂಬ ಕಾರಣಕ್ಕೆ, ಮತವಿರಲಿಲ್ಲ. ಇದು ವಿರೋಧಿಗಳ ದೊಡ್ಡ ಆಕ್ಷೇಪಗಳಲ್ಲೊಂದು. ಖರ್ಚು ಮೂರು ಪಟ್ಟಾಗುತ್ತದೆ, ಕುರ್ಚಿಗಳು ಹೆಚ್ಚಿ ಮನೆತನಗಳ ಹಿಡಿತ ಬಿಗಿಯಾಗುತ್ತದೆ, ಕಾಡಿಗೆ ಹೇಳುವವರು ಕೇಳುವವರು ಇಲ್ಲದಂತಾಗುತ್ತದೆ ಎಂಬುದು ಉಳಿದ ಮಾತುಗಳು. ಒಪ್ಪಿಗೆಯಿದ್ದರೆ ಅವರ ಭಾಷೆಯಲ್ಲಿ ‘ಓಓ’ ಎಂದು, ಬೇಡವಾದರೆ ‘ಹಿಂದಿ’ ಎಂದು ಮತಪತ್ರದ ಮೇಲೆ ಕೈಯಲ್ಲಿ ಬರೆಯಬೇಕು. ಹೌದು, ಆ ಭಾಷೆಯಲ್ಲಿ ‘ಹಿಂದಿ’ ಎಂದರೆ ‘ಇಲ್ಲ’ ಎಂದರ್ಥ. ಇದನ್ನು ಹೇಳುವಾಗ ನನ್ನ ಸೋದರಳಿಯ ಎಷ್ಟು ನಕ್ಕನೆಂದರೆ ಗೋಡಂಬಿ ನೆತ್ತಿಗೆ ಹತ್ತಿತು.

ಎಣಿಕೆ ಮುಗಿದಾಗ ಬೇಕು ಎಂದವರು 1,22,223, ಬೇಡ ಎಂದವರು 1,72,304. ಮೂರು ಸಲ ಗೆಲ್ಲಿಸಿದ ಗವರ್ನರನ ಮಾತನ್ನು ಅದೇ ಜನ ಐವತ್ತು ಸಾವಿರ ಮತಗಳ ಅಂತರದಿಂದ ತಳ್ಳಿಹಾಕಿದ್ದರು. ಇದಕ್ಕೆ ಒಂದು ತಿಂಗಳ ಹಿಂದೆ, 2021ರ ಫೆಬ್ರವರಿಯಲ್ಲಿ, ಇಲ್ಲಿ ವಿಜಯನಗರ ಜಿಲ್ಲೆ ಹುಟ್ಟಿತ್ತು. ಅದಕ್ಕಾಗಿ ಪಟ್ಟು ಹಿಡಿದವರು ಗಣಿ ಉದ್ಯಮದಿಂದ ರಾಜಕೀಯಕ್ಕೆ ಬಂದ ಹೊಸಪೇಟೆಯ ಆನಂದ್ ಸಿಂಗ್. ಬಳ್ಳಾರಿಯಲ್ಲಿ ಬಂದ್, ಹೊಸಪೇಟೆಯಲ್ಲಿ ಪಟಾಕಿ ಎರಡೂ ಆದವು. ಹರಪನಹಳ್ಳಿಯ ಅತ್ತೆಯ ಮನೆಗೆ ಮತಪತ್ರ ಬರಲಿಲ್ಲ. ಜಿಲ್ಲೆ ಬೇರೆಯಾದದ್ದರಿಂದ ನಮಗೆ ಒಳ್ಳೆಯದೇ ಆಗಿದೆ, ಮತದಾನ ನಡೆದಿದ್ದರೆ ದಾವಣಗೆರೆಯ ಪರವಾಗಿಯೇ ನಾನು ಬರೆಯುತ್ತಿದ್ದೆ. ಬರೆಯಲು ಯಾರೂ ಕಾಗದ ಕೊಡಲಿಲ್ಲ ಅಷ್ಟೆ.

ಸತತ ಮೂರು ಅವಧಿ ಮುಗಿದಿದ್ದರಿಂದ 2022ರಲ್ಲಿ ಅಲ್ವಾರೆಜ್ ಅವರು ಗವರ್ನರ್ ಹುದ್ದೆಗೆ ನಿಲ್ಲುವಂತಿರಲಿಲ್ಲ. ಎಪ್ಪತ್ತು ದಾಟಿದ್ದ ಅವರು ದಕ್ಷಿಣದ ಎರಡನೇ ಕ್ಷೇತ್ರದಿಂದ ಸಂಸತ್ತಿಗೆ ಸ್ಪರ್ಧಿಸಿದರು. ಅಬೋರ್ಲಾನ್, ನಾರಾ, ಬ್ರೂಕ್ಸ್ ಪಾಯಿಂಟ್, ಅಂದರೆ ಹೊಸ ದಕ್ಷಿಣ ಪ್ರಾಂತ್ಯವಾಗಬೇಕಿದ್ದ ಊರುಗಳೇ ಆ ಕ್ಷೇತ್ರ. ಆ ವರ್ಷದ ಮೇ ತಿಂಗಳಲ್ಲಿ ಆ ಊರುಗಳ ಮತದಾರರು ಅವರನ್ನು ಗೆಲ್ಲಿಸಿ ಮನಿಲಾಕ್ಕೆ ಕಳಿಸಿದರು.